ದಂಡು ಬಂದ ಕಾಲದಲ್ಲಿ ನಮ್ಮ ಸೀಮೆಯ ಹಳ್ಳಿಗಳು

ಚನ್ನಪಟ್ಟಣ, ರಾಮನಗರ, ಕನಕಪುರ ಮತ್ತು ಮಾಗಡಿಗಳನ್ನೊಳಗೊಂಡ ನಮ್ಮ ಸೀಮೆಯು ರೇಷ್ಮೆಗೂ ಅರಗಿನ ಬೊಂಬೆಗಳಿಗೂ ಹೆಸರಾದುದು ಸರಿಯಷ್ಟೆ. ಆದರೆ ಬೆಂಗಳೂರಿಗೂ ಶ್ರೀರಂಗಪಟ್ಟಣಕ್ಕೂ ನಡುವೆ ಇರುವ ಈ ನಾಡಿಗೆ ಹಿಂದಿನ ಕಾಲದಲ್ಲಿ ಇನ್ನೊಂದು ಹಣೆಬರಹವೂ ಅಂಟಿಕೊಂಡಿತ್ತು. ಮೈಸೂರಿನ ರಾಜಧಾನಿಯ ಮೇಲೆ ಪೂರ್ವದಿಂದ ಏರಿ ಬಂದ ಸೈನ್ಯಗಳು ಬಹುಮಟ್ಟಿಗೆ ರಾಮಗಿರಿ, ಚನ್ನಪಟ್ಟಣ, ಮದ್ದೂರುಗಳ ದಾರಿಯನ್ನಾಗಲಿ, ಕಾನಕಾನಹಳ್ಳಿ ಎಂದು ಆಗ ಕರೆಯುತ್ತಿದ್ದ ಕನಕಪುರದ ದಾರಿಯನ್ನಾಗಲಿ ಹಿಡಿಯುತ್ತಿದ್ದವು. ದಾರಿಯ ಮೇಲಿನ ಊರಿಗೆ ವ್ಯಾಪಾರ ಬರುವಂತೆ ದಂಡೂ ಬರುತ್ತದೆ. ವರ್ತಕನಾದ ನನಗೆ ಈ ಎರಡರ ಸಂಬಂಧ ಚೆನ್ನಾಗಿ ಅರ್ಥವಾಗುತ್ತದೆ.

ನಮ್ಮ ಪಠ್ಯಪುಸ್ತಕಗಳಲ್ಲಿ ಯುದ್ಧವೆಂದರೆ ಇಬ್ಬರು ಅರಸರ ನಡುವಿನ ವ್ಯವಹಾರ. ಇಂಥವನು ಇಂಥ ಕೋಟೆಯನ್ನು ಇಂಥ ದಿನ ಹಿಡಿದನು, ಇಷ್ಟು ಲಕ್ಷ ಕಪ್ಪ ಕೊಟ್ಟು ಸಂಧಿ ಮಾಡಿಕೊಂಡನು ಎಂಬುದರೊಂದಿಗೆ ಅಧ್ಯಾಯ ಮುಗಿಯುತ್ತದೆ. ಆ ಕೋಟೆಗೂ ಈ ಕೋಟೆಗೂ ನಡುವೆ ಇದ್ದ ನೂರಾರು ಹಳ್ಳಿಗಳು ಏನು ಮಾಡಿದವು? ಕುದುರೆಯ ದಂಡು ಎರಡು ಹರಿದಾರಿ ದೂರದಲ್ಲಿದೆಯೆಂದು ಸುದ್ದಿ ಬಂದ ರಾತ್ರಿ ಅಲ್ಲಿಯ ಗೌಡ, ಶಾನುಭೋಗ, ತಳವಾರ, ತೋಟಿ, ಒಕ್ಕಲು ಮಕ್ಕಳು ಹೇಗೆ ನಡೆದುಕೊಂಡರು? ಶಿಲಾಶಾಸನಗಳಲ್ಲಿಯೂ, ಆಂಗ್ಲ ಸೇನಾಧಿಕಾರಿಗಳು ಬರೆದಿಟ್ಟ ದಿನಚರಿಗಳಲ್ಲಿಯೂ, ಕರ್ನಲ್ ವಿಲ್ಕ್ಸ್ ಮತ್ತು ಡಾಕ್ಟರ್ ಬುಕಾನನ್ ಮೊದಲಾದವರ ಗ್ರಂಥಗಳಲ್ಲಿಯೂ ಈ ಪ್ರಶ್ನೆಗೆ ಉತ್ತರ ಚೂರುಚೂರಾಗಿ ಚೆದುರಿ ಬಿದ್ದಿದೆ. ಅದನ್ನು ಆಯ್ದು ಒಂದೆಡೆ ಇಟ್ಟು ನಮ್ಮ ಶ್ರಾವಕ ಬಂಧುಗಳ ಮುಂದಿರಿಸುವುದೇ ಈ ಲೇಖನದ ಉದ್ದೇಶ. ಪರಸೈನ್ಯವನ್ನು ಜನರು ತಾವೇ ಎದುರಿಸಿದ ಕಥೆ ಬೇಕೆಂದರೆ ನಮ್ಮವರು ಸಾಮಾನ್ಯವಾಗಿ ಉಳ್ಳಾಲದತ್ತ ಬೊಟ್ಟು ಮಾಡುತ್ತಾರೆ. ಜೈನ ಚೌಟ ಮನೆತನದ ರಾಣಿ ಅಬ್ಬಕ್ಕದೇವಿಯು ಕಡಲ ತಡಿಯ ಮೊಗವೀರರನ್ನು ಜೊತೆಗೂಡಿಸಿಕೊಂಡು ಪೋರ್ಚುಗೀಸರೊಡನೆ ಹೋರಾಡಿದ್ದು ಹೆಮ್ಮೆಪಡತಕ್ಕ ವಿಷಯವೇ. ಆದರೆ ಅಲ್ಲಿ ಮುಂದೆ ನಿಲ್ಲಲು ಒಬ್ಬ ರಾಣಿ ಇದ್ದಳು. ನಮ್ಮ ಸೀಮೆಯ ಹಳ್ಳಿಗಳಿಗೆ ಅಂಥ ಆಸರೆ ಬಹುಸಲ ಇರಲಿಲ್ಲ.

ಮೊದಲಿಗೆ ಕಲ್ಲುಗಳ ಸಾಕ್ಷಿಯನ್ನು ಕೇಳೋಣ. ಮದ್ದೂರು ತಾಲ್ಲೂಕಿನ ಆತಕೂರಿನ ಶಾಸನವನ್ನು ಅರಿಯದವರಿಲ್ಲ. ಕ್ರಿ.ಶ. 949-50ರ ಆ ಕಲ್ಲು ತಕ್ಕೋಲದ ಯುದ್ಧವನ್ನೂ, ಗಂಗ ಬೂತುಗನ ಸೇವಕನಾದ ಮಣಲೇರನನ್ನೂ, ಕಾಡುಹಂದಿಯೊಡನೆ ಹೋರಾಡಿ ಸತ್ತ ಕಾಳಿ ಎಂಬ ನಾಯಿಯನ್ನೂ ನೆನೆಯುತ್ತದೆ. ಇದು ಅರಸನ ಪರಿವಾರದವನ ಕಲ್ಲು. ನನ್ನ ದೃಷ್ಟಿಯಲ್ಲಿ ಇದಕ್ಕಿಂತ ಹೆಚ್ಚು ಬೆಲೆಯುಳ್ಳವು ಕೆರೆಯ ಏರಿಯ ಮೇಲೆ, ಊರ ಮುಂದಿನ ಅರಳೀಮರದ ಕೆಳಗೆ, ಅರ್ಧ ನೆಲದಲ್ಲಿ ಹೂತು ನಿಂತಿರುವ ಸಾಧಾರಣ ವೀರಗಲ್ಲುಗಳು. ‘ತುರುಗೊಳ್’, ‘ಪೆಣ್ಬುಯ್ಯಲ್’, ‘ಊರಳಿವು’ ಎಂಬ ಮೂರು ಮಾತುಗಳು ಕರ್ನಾಟಕದ ಇಂಥ ಕಲ್ಲುಗಳಲ್ಲಿ ಮತ್ತೆ ಮತ್ತೆ ಬರುತ್ತವೆ. ದನಕರುಗಳನ್ನು ಹಿಡಿದೊಯ್ಯುವಾಗ, ಹೆಂಗಸರಿಗೆ ವಿಪತ್ತು ಬಂದಾಗ, ಊರೇ ಅಳಿಯುವಾಗ ಅಡ್ಡನಿಂತು ಸತ್ತವನು ಎಂದು ಅವುಗಳ ತಾತ್ಪರ್ಯ. ಸತ್ತವನು ಬಹುವೇಳೆ ಒಬ್ಬ ಗಾವುಂಡನ ಮಗ, ಒಬ್ಬ ತುರುಗಾಹಿ, ಒಬ್ಬ ಒಕ್ಕಲಿಗ. ಅರಸನ ಅಪ್ಪಣೆಗಾಗಿ ಕಾಯುವಷ್ಟು ಹೊತ್ತು ಅವರಿಗೆ ಇರಲಿಲ್ಲ.

ಇಲ್ಲಿ ಒಂದು ಸಂಗತಿಯನ್ನು ವಾಚಕರು ಗಮನಿಸಬೇಕೆಂದು ಪ್ರಾರ್ಥಿಸುತ್ತೇನೆ. ಕಲ್ಲು ನಿಲ್ಲಿಸಿದಲ್ಲಿಗೆ ಆ ಋಣ ತೀರುತ್ತಿರಲಿಲ್ಲ. ಸತ್ತವನ ಮನೆಯವರಿಗೆ ಭೂಮಿ ಬಿಡುತ್ತಿದ್ದರು. ಅದಕ್ಕೆ ‘ಬಾಳ್ಗಚ್ಚು’, ‘ಕಲ್ನಾಡು’, ‘ನೆತ್ತರುಗೊಡಗೆ’ ಎಂಬ ಹೆಸರುಗಳಿದ್ದವು. ನೆತ್ತರಿಗೆ ಪ್ರತಿಯಾಗಿ ಕೊಟ್ಟ ಕೊಡಗೆಯಾದ್ದರಿಂದ ನೆತ್ತರುಗೊಡಗೆ. ಎಷ್ಟು ಗದ್ದೆ, ಎಷ್ಟು ಬೆದ್ದಲು, ಯಾರು ಸಾಕ್ಷಿ ಎಂಬುದನ್ನು ಕಲ್ಲಿನ ಮೇಲೆಯೇ ಕಂಡರಿಸಿ, ಇದನ್ನು ಅಳಿದವನಿಗೆ ಇಂಥ ಪಾಪ ಬರಲಿ ಎಂದು ಶಾಪವನ್ನೂ ಸೇರಿಸುತ್ತಿದ್ದರು. ಊರನ್ನು ಉಳಿಸಿದವನ ಲೆಕ್ಕವನ್ನು ಊರು ಖಾತೆಯಲ್ಲಿ ಬರೆದುಕೊಂಡಿತೆಂದು ನಾವು ವ್ಯಾಪಾರಿಗಳು ಹೇಳಬಹುದು. ಈ ಖಾತೆಯ ಮಾತನ್ನು ಮುಂದೆ ಮತ್ತೆ ಎತ್ತಬೇಕಾಗುತ್ತದೆ.

ಅಹಿಂಸೆಯೇ ಪರಮಧರ್ಮವೆನ್ನುವ ನಮ್ಮ ಪುಣ್ಯಸಂಚಿಕೆಯಲ್ಲಿ ಕಾಳಗದ ಕಥೆ ಏತಕ್ಕೆಂದು ಕೆಲವರು ಕೇಳಿಯಾರು. ವೀರಗಲ್ಲುಗಳಲ್ಲಿ ಕೆಲವಕ್ಕೆ ಮೇಲಿನ ಪಟ್ಟಿಕೆಯಲ್ಲಿ ಜಿನಬಿಂಬವೇ ಇದೆಯೆಂಬುದನ್ನು ಅಂಥವರು ನೆನೆಯಬೇಕು. ಹಿಂಸೆಯನ್ನು ಸಂಕಲ್ಪೀ, ಆರಂಭೀ, ಉದ್ಯೋಗೀ, ವಿರೋಧೀ ಎಂದು ನಾಲ್ಕು ಬಗೆಯಾಗಿ ವಿಂಗಡಿಸುವುದುಂಟು. ಬೇಕೆಂದು ಮಾಡುವ ಸಂಕಲ್ಪೀ ಹಿಂಸೆಯನ್ನು ಗೃಹಸ್ಥನು ಪೂರ್ಣವಾಗಿ ಬಿಡಬೇಕು. ಮೇಲೆ ಬಿದ್ದು ಬಂದವನಿಂದ ತನ್ನವರನ್ನು ಕಾಯುವಾಗ ಒದಗುವ ವಿರೋಧೀ ಹಿಂಸೆಯನ್ನು, ಅದರಿಂದ ಕರ್ಮಬಂಧವಿದ್ದರೂ, ಅಣುವ್ರತಿಯಾದ ಗೃಹಸ್ಥನಿಗೆ ಸಂಪೂರ್ಣವಾಗಿ ನಿಷೇಧಿಸಿಲ್ಲ. ಹತ್ತನೆಯ ಶತಮಾನದ ಸೋಮದೇವಸೂರಿಗಳು ಸ್ವತಃ ಮುನಿಗಳಾಗಿದ್ದರೂ ತಮ್ಮ ‘ನೀತಿವಾಕ್ಯಾಮೃತ’ದಲ್ಲಿ ದುರ್ಗದ ವಿಷಯಕ್ಕೆಂದೇ ಒಂದು ಪ್ರಕರಣವನ್ನು ಮೀಸಲಿಟ್ಟಿದ್ದಾರೆ. ಹಳ್ಳಿಯವರ ಆತ್ಮರಕ್ಷಣೆಯ ವೃತ್ತಾಂತದಲ್ಲಿ ಕೊಲ್ಲುವುದಕ್ಕಿಂತ ಬಾಗಿಲು ಮುಚ್ಚಿ, ಬಚ್ಚಿಟ್ಟು, ತಡೆದು ನಿಂತದ್ದೇ ಹೆಚ್ಚಾಗಿರುವುದರಿಂದ ನಮ್ಮವರು ಇದನ್ನು ಓದಲು ಸಂಕೋಚಪಡಬೇಕಾದುದಿಲ್ಲ.

ಇನ್ನು ಹದಿನೆಂಟನೆಯ ಶತಮಾನಕ್ಕೆ ಬರೋಣ. ಆ ಕಾಲದ ಮೈಸೂರು ಸೀಮೆಯ ಹಳ್ಳಿಯ ಆಕಾರವೇ ಬೇರೆ. ಮನೆಗಳೆಲ್ಲ ಒಂದಕ್ಕೊಂದು ಒತ್ತಿ ನಿಂತಿರುತ್ತಿದ್ದವು. ಸುತ್ತ ಮಣ್ಣಿನ ಗೋಡೆ. ಗೋಡೆಯ ಹೊರಗೆ ಕಳ್ಳಿ, ಸೀಗೆ, ಬಿದಿರುಮೆಳೆಗಳ ಒತ್ತಾದ ಮುಳ್ಳುಬೇಲಿ. ಒಳಕ್ಕೆ ಬರಲು ಒಂದೋ ಎರಡೋ ಊರಬಾಗಿಲು. ಅದೂ ಕುದುರೆ ಸವಾರನು ತಲೆ ತಗ್ಗಿಸಿ ಬರಬೇಕಾದಷ್ಟು ಇಕ್ಕಟ್ಟು. ಊರ ನಡುವೆ ಹುಡೇವು ಎಂಬ ದುಂಡನೆಯ ಎತ್ತರದ ಬುರುಜು. ಗೋಡೆ ಬಿದ್ದು ಶತ್ರು ಒಳಹೊಕ್ಕರೆ ಕಡೆಯ ಆಶ್ರಯ ಅದೇ. ಬುಕಾನನ್‌ರವರು 1800ರಲ್ಲಿ ನಮ್ಮ ಸೀಮೆಯಲ್ಲಿ ಸಂಚರಿಸಿದಾಗಲೂ, ಲೂಯಿ ರೈಸ್‌ರವರು ಮೈಸೂರು ಗೆಜೆಟಿಯರನ್ನು ಬರೆದ ಕಾಲದಲ್ಲಿಯೂ ಇಂಥ ಗೋಡೆಬೇಲಿಗಳ ಅವಶೇಷಗಳು ಎಲ್ಲೆಲ್ಲೂ ಕಾಣುತ್ತಿದ್ದವು. ಮರಾಠರ ಕುದುರೆ ದಂಡಿನ ಭಯದಿಂದ ಬೆಳೆದು ಬಂದ ಏರ್ಪಾಡು ಇದು. ಇದಕ್ಕೆ ಸರ್ಕಾರದ ಬೊಕ್ಕಸದಿಂದ ಹಣ ಬಂದದ್ದು ಅಪೂರ್ವ. ಮಣ್ಣು ಊರಿನದು, ಮೈದುಡಿಮೆ ಊರಿನವರದು.

ಸುದ್ದಿ ಬಂದೊಡನೆ ಯಾರು ಏನು ಮಾಡಬೇಕೆಂಬುದೂ ಆಯಗಾರರ ಪದ್ಧತಿಯಲ್ಲಿಯೇ ಅಡಕವಾಗಿತ್ತು. ತೋಟಿಯೂ ತಳವಾರನೂ ಊರಿನ ಕಣ್ಣು ಕಿವಿಗಳು. ಕಮ್ಮಾರನಿಗೆ ಈಟಿಯ ಮೊನೆಯ ಕೆಲಸ, ಬಡಗಿಗೆ ಊರಬಾಗಿಲಿನ ಅಗುಳಿಯ ಕೆಲಸ. ದನಕರುಗಳನ್ನು ಕಾಡಿಗೆ ಅಟ್ಟಬೇಕು. ಸಾವನದುರ್ಗದ ಬಿದಿರುಕಾಡು, ಕಾನಕಾನಹಳ್ಳಿಯ ದಟ್ಟ ಅರಣ್ಯ, ರಾಮಗಿರಿಯ ಬಂಡೆಗಳ ಸಂದುಗೊಂದುಗಳು ನಮ್ಮ ಪೂರ್ವಿಕರಿಗೆ ಇದಕ್ಕಾಗಿ ಒದಗಿ ಬರುತ್ತಿದ್ದವು. ಗೋಡೆಯ ಮೇಲೆ ನಿಲ್ಲುವವರ ಕೈಯಲ್ಲಿ ಕವಣೆ, ಈಟಿ, ಒಂದೆರಡು ಬತ್ತಿಕೋವಿ. ಇವರೊಂದಿಗೆ ಕಂದಾಚಾರದವರೂ ಸೇರುತ್ತಿದ್ದರು. ವರ್ಷದ ಬಹುಭಾಗ ಉಳುಮೆ ಮಾಡಿಕೊಂಡಿದ್ದು, ಕರೆ ಬಂದಾಗ ಆಯುಧ ಹಿಡಿಯುವ ಸ್ಥಳೀಯ ಕಾಲಾಳುಗಳಿಗೆ ಕಂದಾಚಾರದವರೆಂದು ಹೆಸರು.

ಇಷ್ಟು ಬಡ ಸಿದ್ಧತೆಯಿಂದ ಏನು ಪ್ರಯೋಜನವೆಂದು ಇಂದಿನವರಿಗೆ ಅನ್ನಿಸಬಹುದು. ಪ್ರಯೋಜನವಿತ್ತು. ಲಘು ಅಶ್ವದಳವು ನೆಲದ ಮೇಲೆ ಸಿಕ್ಕಿದ್ದನ್ನು ತಿಂದು ಮುಂದೆ ಸಾಗುವ ದಂಡು. ಅದರ ಬಳಿ ಗೋಡೆ ಒಡೆಯುವ ಫಿರಂಗಿ ಇಲ್ಲ, ಒಂದು ಹಳ್ಳಿಗಾಗಿ ಮೂರು ದಿನ ಕೂರುವ ಪುರಸೊತ್ತಿಲ್ಲ. ಮುಳ್ಳುಬೇಲಿಗೆ ಕುದುರೆ ಹಾಯದು. ಒಂದು ಹಗಲು ತಡೆದು ನಿಂತರೆ ಸಾಕು, ಸವಾರರು ಗೋಡೆಯಿಲ್ಲದ ಮತ್ತೊಂದು ಹಳ್ಳಿಯನ್ನು ಹುಡುಕಿಕೊಂಡು ಹೋಗುತ್ತಿದ್ದರು. (ಆ ಮತ್ತೊಂದು ಹಳ್ಳಿಯ ಪಾಡೇನೆಂಬುದನ್ನು ಯೋಚಿಸಿದರೆ ಮನಸ್ಸು ಭಾರವಾಗುತ್ತದೆ, ಆದರೆ ಹೆದರಿದವನ ಲೆಕ್ಕ ಹಾಗೆಯೇ.) ದಂಡು ದೊಡ್ಡದಾಗಿದ್ದರೆ ಗೌಡನೂ ಊರಿನ ಸೆಟ್ಟಿಯೂ ಹೊರಗೆ ಬಂದು ಖಂಡಣಿಯ ಮಾತುಕತೆ ನಡೆಸಬೇಕು. ಗೋಡೆ ಗಟ್ಟಿಯಾಗಿದ್ದಷ್ಟೂ ಖಂಡಣಿಯ ಮೊತ್ತ ಇಳಿಯುತ್ತಿತ್ತು.

ಹಳ್ಳಿಯ ನಿಜವಾದ ಕೋಟೆ ಮಾತ್ರ ನೆಲದ ಮೇಲೆ ಇರಲಿಲ್ಲ. ಅದು ನೆಲದ ಕೆಳಗಿನ ಹಗೇವು. ನಮ್ಮಲ್ಲಿ ವಯಸ್ಸಾದವರು ಹಗೇವನ್ನು ಕಣ್ಣಾರೆ ಕಂಡಿದ್ದಾರೆ. ಎಳೆಯರಿಗಾಗಿ ಎರಡು ಮಾತು ಬರೆಯುತ್ತೇನೆ. ನೀರು ನಿಲ್ಲದ ಗಟ್ಟಿನೆಲದಲ್ಲಿ ಕುತ್ತಿಗೆ ಕಿರಿದಾಗಿ ಹೊಟ್ಟೆ ಅಗಲವಾಗಿ ಗುಂಡಿ ತೋಡಿ, ಸುತ್ತ ಹುಲ್ಲು ಹಾಸಿ, ರಾಗಿ ತುಂಬಿ, ಬಾಯಿಗೆ ಚಪ್ಪಡಿ ಮುಚ್ಚಿ, ಮೇಲೆ ಮಣ್ಣೆಳೆದರೆ ಅಲ್ಲಿ ಧಾನ್ಯವಿದೆಯೆಂದು ಹೊರಗಿನವನಿಗೆ ಸುಳುಹೇ ಹತ್ತದು. ರಾಗಿಗೆ ಹುಳು ಹಿಡಿಯುವುದು ಅಪರೂಪವಾದ್ದರಿಂದ ಅದು ವರ್ಷಗಟ್ಟಲೆ ಕೆಡದೆ ಇರುತ್ತದೆ. ತೆರೆಯುವಾಗ ಒಳಗಿನ ಕೆಟ್ಟ ಗಾಳಿ ಹೋಗುವವರೆಗೆ ಕಾದು ಇಳಿಯಬೇಕು. ಆತುರಪಟ್ಟು ಇಳಿದವನು ಅಲ್ಲಿಯೇ ಪ್ರಾಣ ಬಿಟ್ಟಾನು. ದಂಡಿನ ಬೆನ್ನ ಹಿಂದೆ ಬರುತ್ತಿದ್ದ ಲೂಟಿಕಾರರು ಹಗೇವು ಹುಡುಕುವುದನ್ನೇ ಕಸುಬಾಗಿ ಮಾಡಿಕೊಂಡಿದ್ದರು. ಹಗೇವಿನ ಗುರುತನ್ನು ಬಾಯಿಬಿಡದಿರುವುದೇ ಹಳ್ಳಿಯವನ ದೊಡ್ಡ ಪರಾಕ್ರಮವಾಗಿತ್ತು. ಇದಕ್ಕೆ ಯಾರೂ ಕಲ್ಲು ನೆಡಲಿಲ್ಲ.

ನಮ್ಮ ಚನ್ನಪಟ್ಟಣಕ್ಕೇ ನೇರವಾಗಿ ಸಂಬಂಧಿಸಿದ ಘಟನೆ 1759ರದು. ಇಲ್ಲಿಯ ಕೋಟೆ ವಿಜಯನಗರದ ಅರಸರಿಗಾಗಿ ಪೆನುಕೊಂಡೆಯನ್ನು ಕಾಯ್ದ ಜಗದೇವರಾಯನ ಕಾಲದ್ದು. 1630ರಲ್ಲಿ ಅದು ಮೈಸೂರಿನ ಚಾಮರಾಜ ಒಡೆಯರ ಕೈಸೇರಿತ್ತು. ಪೇಶ್ವೆಗೆ ಕೊಡಬೇಕಾಗಿದ್ದ ಹಣಕ್ಕಾಗಿ ಮೈಸೂರಿನವರು ಕೆಲವು ಸೀಮೆಗಳನ್ನು ಒತ್ತೆಯಿಟ್ಟು, ಬಳಿಕ ಒತ್ತೆ ಹಿಡಿದವರನ್ನು ಓಡಿಸಿದ್ದರಿಂದ ಗೋಪಾಲ ಹರಿ ಎಂಬ ಮರಾಠಾ ಸರದಾರನು ದಂಡೆತ್ತಿ ಬಂದು, ಬೆಂಗಳೂರನ್ನು ಮುತ್ತಿ, ಚನ್ನಪಟ್ಟಣವನ್ನು ಹಠಾತ್ತನೆ ಹಿಡಿದುಕೊಂಡನು. ಆಗ ಮೈಸೂರಿನ ಸೇನೆಯ ಮುಖಂಡತ್ವ ದೊರೆತದ್ದು ಹೈದರಾಲಿಗೆ. ಅವನ ಕಡೆಯ ಲುತ್ಫ್ ಅಲಿ ಬೇಗನು ಏಣಿ ಹಾಕಿ ಕೋಟೆಯನ್ನು ಏರಿ ಮರಳಿ ವಶಪಡಿಸಿಕೊಂಡನು. ಆಮೇಲೆ ಸುಮಾರು ಮೂರು ತಿಂಗಳ ಕಾಲ ಈ ಸೀಮೆಯಲ್ಲೆಲ್ಲ ಸಣ್ಣಪುಟ್ಟ ಕಾಳಗಗಳು ನಡೆದವು. ಕೊನೆಗೆ ಮೂವತ್ತೆರಡು ಲಕ್ಷ ರೂಪಾಯಿಗೆ ಒಪ್ಪಂದವಾಯಿತು. ಅದರಲ್ಲಿ ಅರ್ಧವನ್ನು ರಾಜ್ಯದಲ್ಲಿ ನಜರಾನೆಯಾಗಿ ಎತ್ತಿ, ಉಳಿದರ್ಧಕ್ಕೆ ಹೈದರನ ಸ್ವಂತ ಜಾಮೀನಿನ ಮೇಲೆ ಸಾಹುಕಾರರು ಹಣ ಒದಗಿಸಿದರೆಂದು ವಿಲ್ಕ್ಸ್ ಬರೆದಿದ್ದಾರೆ. ಹೈದರನ ಭಾಗ್ಯೋದಯವಾದದ್ದು ನಮ್ಮ ಊರಿನ ಸುತ್ತಿನ ಈ ಯುದ್ಧದಿಂದ ಎಂದರೆ ಉತ್ಪ್ರೇಕ್ಷೆಯಲ್ಲ. ಸಾಹುಕಾರರ ಸಾಲ ಹೇಗೆ ತೀರಿತೆಂಬುದಕ್ಕೆ ಆ ಸೀಮೆಗಳ ಕಂದಾಯವೇ ಆಧಾರವಾಯಿತು. ಎಂದರೆ, ಮೂರು ತಿಂಗಳು ಎರಡು ಕಡೆಯ ದಂಡುಗಳಿಗೂ ಮೇವು ಒದಗಿಸಿದ ರೈತನೇ ಸಂಧಿಯ ಹಣವನ್ನೂ ತೆತ್ತನು.

ಪೇಶ್ವೆ ಮಾಧವರಾಯನು 1764ರಿಂದ 1772ರವರೆಗಿನ ಅವಧಿಯಲ್ಲಿ ಮೈಸೂರಿನ ಮೇಲೆ ಮತ್ತೆ ಮತ್ತೆ ಏರಿ ಬಂದ ಕಾಲವೇ ಹುಡೇವುಗಳಿಗೆ ನಿಜವಾದ ಪರೀಕ್ಷೆಯ ಕಾಲ. ನೆಲಮಂಗಲದ ಕಡೆಯ ನಿಜಗಲ್ಲು ದುರ್ಗವು 1770ರಲ್ಲಿ ತಿಂಗಳುಗಟ್ಟಲೆ ತಡೆದು ನಿಂತದ್ದು ಪ್ರಸಿದ್ಧವಾಗಿದೆ. 1771ರ ಮಾರ್ಚಿಯಲ್ಲಿ ಚಿನಕುರಳಿಯ ಬಳಿ ಹೈದರನು ಸೋತ ಮೇಲೆ ಮೇಲುಕೋಟೆಗೆ ಬಂದ ಗತಿಯನ್ನು ನೆನೆದರೆ ಹಳ್ಳಿಯವರು ಗೋಡೆಗೆ ಏಕೆ ಜೀವ ತೇಯ್ದರೆಂಬುದು ತಿಳಿಯುತ್ತದೆ. ಜನರು ಊರು ಬಿಟ್ಟು ಹೋಗಿದ್ದರು. ಒಳಹೊಕ್ಕವರು ದೇವರ ದೊಡ್ಡ ತೇರುಗಳಲ್ಲಿದ್ದ ಕಬ್ಬಿಣಕ್ಕಾಗಿ ತೇರುಗಳಿಗೇ ಬೆಂಕಿಯಿಟ್ಟರು. ಬಂದವರೂ ಅದೇ ದೇವರನ್ನು ಪೂಜಿಸುವವರೇ. ಹಸಿದ ದಂಡಿಗೂ ಲೂಟಿಯ ಆಸೆಗೂ ಮತವಿಲ್ಲ.

ಇದುವರೆಗೆ ಹೇಳಿದ್ದು ಕುದುರೆಯ ದಂಡಿನ ಮಾತು. 1791ರಲ್ಲಿ ಬಂದದ್ದು ಬೇರೆ ಜಾತಿಯ ದಂಡು. ಗವರ್ನರ್ ಜನರಲ್ ಲಾರ್ಡ್ ಕಾರ್ನ್‌ವಾಲಿಸನು ಮಾರ್ಚಿಯಲ್ಲಿ ಬೆಂಗಳೂರನ್ನು ಹಿಡಿದು, ಮೇ ತಿಂಗಳ ಮೊದಲ ವಾರದಲ್ಲಿ ಶ್ರೀರಂಗಪಟ್ಟಣದತ್ತ ಹೊರಟನು. ಕೋಟೆಯ ಗೋಡೆ ಒಡೆಯುವ ಭಾರಿ ತೋಪುಗಳು, ಅವುಗಳನ್ನು ಎಳೆಯುವ ಸಹಸ್ರಾರು ಎತ್ತುಗಳು, ಜೊತೆಗೆ ನಿಜಾಮನ ಕುದುರೆ ದಂಡು. ಟಿಪ್ಪು ಸುಲ್ತಾನನು ಚನ್ನಪಟ್ಟಣದ ಹೆದ್ದಾರಿಯಲ್ಲಿ ರಾಮಗಿರಿ ಶಿವನಗಿರಿಗಳ ಆಸರೆಯಲ್ಲಿ ಅಡ್ಡ ನಿಂತಿದ್ದುದರಿಂದ ಕಾರ್ನ್‌ವಾಲಿಸನು ಸುತ್ತುದಾರಿಯಾದರೂ ಕಾನಕಾನಹಳ್ಳಿಯ ಮಾರ್ಗವನ್ನೇ ಆರಿಸಿಕೊಂಡನು. ಫಿರಂಗಿಯ ಮುಂದೆ ಮಣ್ಣುಗೋಡೆ ಎಷ್ಟರದು? ಹುಡೇವು, ಬೇಲಿ, ಊರಬಾಗಿಲು ಎಲ್ಲವೂ ಒಂದೇ ಏಟಿಗೆ ಅರ್ಥ ಕಳೆದುಕೊಂಡವು. ಆಗ ಉಳಿದದ್ದು ಒಂದೇ ಆಯುಧ, ಅದು ಹಸಿವು.

ಸುಲ್ತಾನನ ಅಪ್ಪಣೆ ಕಠೋರವಾಗಿತ್ತು. ಶತ್ರುವಿನ ದಾರಿಯಲ್ಲಿ ಒಂದು ಹಿಡಿ ಹುಲ್ಲೂ ಒಂದು ಸೇರು ರಾಗಿಯೂ ಸಿಕ್ಕಕೂಡದು. ಜನರೂ ಜಾನುವಾರುಗಳೂ ಊರು ಬಿಡಬೇಕು, ಹೊತ್ತೊಯ್ಯಲಾಗದ್ದನ್ನು ಸುಡಬೇಕು. ಕಾನಕಾನಹಳ್ಳಿಯನ್ನು ಆಂಗ್ಲರಿಗೆ ಉಪಯೋಗವಾಗದಿರಲೆಂದು ಟಿಪ್ಪುವೇ ಎರಡು ಬಾರಿ ಹಾಳುಗೆಡವಿದನೆಂದು ಗೆಜೆಟಿಯರಿನಲ್ಲಿ ದಾಖಲಾಗಿದೆ. ಆಂಗ್ಲ ಸೈನ್ಯವು ಆ ದಾರಿಯಲ್ಲಿ ನಡೆದಾಗ ಅದಕ್ಕೆ ಎದುರಾದದ್ದು ಹೊಗೆಯಾಡುವ ಹಳ್ಳಿಗಳು. ದಾರಿ ಹೇಳಲು ಒಬ್ಬ ಮನುಷ್ಯನೂ ಸಿಕ್ಕದಂತಿತ್ತು.

ಇದರ ಪರಿಣಾಮ ಹದಿನೈದು ದಿನಗಳಲ್ಲಿ ತೋರಿತು. ಮೇ 13ರಂದು ಸೈನ್ಯ ಅರಕೆರೆಯನ್ನು ಮುಟ್ಟಿತು. 15ರಂದು ನಡೆದ ಯುದ್ಧದಲ್ಲಿ ಕಾರ್ನ್‌ವಾಲಿಸನೇ ಗೆದ್ದನು. ಆದರೆ ಗೆದ್ದವನ ಎತ್ತುಗಳು ಮೇವಿಲ್ಲದೆ, ರೋಗ ತಗಲಿ, ಸಾಲುಸಾಲಾಗಿ ಸತ್ತವು. ಕಾವೇರಿಯಲ್ಲಿ ಮುಂಗಾರಿನ ನೀರು ಏರುತ್ತಿತ್ತು. ದಂಡಿನ ಹಿಂಬಾಲಕರು ಸತ್ತ ಎತ್ತಿನ ಮಾಂಸ ತಿಂದು ಜೀವ ಹಿಡಿದುಕೊಂಡರೆಂದು ಅವರ ಕಡೆಯವರೇ ಬರೆದಿದ್ದಾರೆ. 22ರಂದು ತಾನು ಎಳೆದು ತಂದಿದ್ದ ಭಾರಿ ತೋಪುಗಳನ್ನು ತಾನೇ ಒಡೆಸಿ, ಕೆಲವು ದಿನಗಳಲ್ಲಿ ಲಾರ್ಡ್ ಸಾಹೇಬನು ಹಿಂದಿರುಗಿದನು. ಯುದ್ಧದಲ್ಲಿ ಸೋಲದ ಸೈನ್ಯವನ್ನು ಬರಿದಾದ ಹಗೇವುಗಳು ಸೋಲಿಸಿದವು.

ಹಿಂದಿರುಗುವ ದಾರಿಯಲ್ಲಿ ಆ ಸೈನ್ಯಕ್ಕೆ ಮರಾಠರ ದಂಡು ಎದುರಾಯಿತು. ಅವರ ಬಜಾರಿನ ವರ್ಣನೆಯನ್ನು ವಿಲ್ಕ್ಸ್ ಗ್ರಂಥದಲ್ಲಿ ಓದಿದ ವರ್ತಕನಿಗೆ ನಗುವುದೋ ಅಳುವುದೋ ತಿಳಿಯದು. ಕಾಶ್ಮೀರದ ಶಾಲು, ಒಡವೆಗಳು, ಇಂಗ್ಲೆಂಡಿನ ಬನಾತು, ಬರ್ಮಿಂಗ್‌ಹ್ಯಾಮಿನ ಚಾಕು ಎಲ್ಲವೂ ಅಲ್ಲಿದ್ದವು. ಧಾನ್ಯವೂ ಧಾರಾಳವಾಗಿತ್ತು, ಬೆಲೆ ಮಾತ್ರ ಆಕಾಶಕ್ಕೆ ಏರಿತ್ತು. ಹಸಿದ ಆಂಗ್ಲ ಶಿಬಿರದವರು ಕೇಳಿದ ಬೆಲೆ ತೆತ್ತು ಕೊಂಡರು. ಉತ್ತರದಿಂದ ಇಳಿದು ಬಂದ ಮರಾಠರ ಆ ಗೋಣಿಗಳಲ್ಲಿದ್ದ ಕಾಳಿನಲ್ಲಿ ಎಷ್ಟು ಪಾಲು ಕನ್ನಡನಾಡಿನ ಹಳ್ಳಿಗಳದ್ದೆಂಬುದನ್ನು ವಾಚಕರೇ ಊಹಿಸಿಕೊಳ್ಳಬೇಕು.

ಈ ನಿರಾಕರಣೆಯನ್ನು ಹಳ್ಳಿಯವರ ಪ್ರತಿಭಟನೆಯೆಂದು ಕರೆಯಬಹುದೇ? ನಾನು ಬಹಳ ಯೋಚಿಸಿದ್ದೇನೆ. ಗೋಡೆ ಕಟ್ಟಿದಾಗ, ಹಗೇವು ಮುಚ್ಚಿದಾಗ, ಕವಣೆ ಬೀಸಿದಾಗ ಹಳ್ಳಿಯವನು ತನ್ನ ಬುದ್ಧಿಯಿಂದ, ತನ್ನದನ್ನು ಉಳಿಸಿಕೊಳ್ಳಲೆಂದು ಮಾಡಿದನು. 1791ರ ಬೆಂಕಿ ಅವನ ಬುದ್ಧಿಯದಲ್ಲ. ಸೂರು ಸುಟ್ಟವರು ತನ್ನದೇ ದೊರೆಯ ಸವಾರರು. ಮಳೆಗಾಲದ ಬಾಗಿಲಲ್ಲಿ, ಬಿತ್ತನೆಯ ಹೊತ್ತಿನಲ್ಲಿ, ಹೆಂಡತಿ ಮಕ್ಕಳೊಡನೆ ಕಾಡು ಸೇರಿದವರೆಲ್ಲ ಮನಃಪೂರ್ವಕವಾಗಿ ಹೋದರೆಂದು ಬರೆದರೆ ಅದು ಸತ್ಯಕ್ಕೆ ಅಪಚಾರ. ಆದರೆ ಯುದ್ಧತಂತ್ರವೆಂದು ಸುಲ್ತಾನನನ್ನು ಹೊಗಳುವವರೂ, ಕ್ರೌರ್ಯವೆಂದು ತೆಗಳುವವರೂ ಒಂದು ಸಂಗತಿಯನ್ನು ಒಪ್ಪಬೇಕು. ಆ ವರ್ಷದ ಮೇ ತಿಂಗಳಲ್ಲಿ ಶ್ರೀರಂಗಪಟ್ಟಣ ಉಳಿದದ್ದು ಕಾನಕಾನಹಳ್ಳಿ ದಾರಿಯ ರೈತರ ರಾಗಿಯ ಬೆಲೆಯಿಂದ. ದಾರಿ ತೋರಿಸಲು, ಹಗೇವು ತೋರಿಸಲು, ಮೇವು ಮಾರಲು ಆ ಸೈನ್ಯಕ್ಕೆ ಜನ ಒದಗಲಿಲ್ಲವೆಂಬುದಂತೂ ನಿಜ. ಹೊನ್ನಿನ ಆಸೆಗೆ ಬರಬಹುದಾಗಿದ್ದವರೂ ಬರಲಿಲ್ಲ.

ಕಾರ್ನ್‌ವಾಲಿಸನು ಪಾಠ ಕಲಿತನು. ಮುಂದಿನ ಬಾರಿ ಹೊರಡುವ ಮೊದಲು ಲಂಬಾಣಿಗಳ ಎತ್ತಿನ ಹೇರುಗಳಿಂದ ಧಾನ್ಯದ ಏರ್ಪಾಡು ಮಾಡಿಕೊಂಡನು. ಬೆನ್ನ ಹಿಂದಿನ ದಾರಿ ಭದ್ರವಾಗಿರಲೆಂದು ಬೆಟ್ಟದ ಕೋಟೆಗಳನ್ನು ಒಂದೊಂದಾಗಿ ಹಿಡಿಯತೊಡಗಿದನು. ನಂದಿದುರ್ಗ ಅಕ್ಟೋಬರಿನಲ್ಲಿ ಬಿತ್ತು. ಡಿಸೆಂಬರ್ 10ರ ಸುಮಾರಿಗೆ ಕರ್ನಲ್ ಸ್ಟುವರ್ಟನು ಸಾವನದುರ್ಗದ ಬುಡಕ್ಕೆ ಬಂದನು. ಕರಿಗುಡ್ಡ, ಬಿಳಿಗುಡ್ಡ ಎಂಬ ಎರಡು ಶಿಖರಗಳ ಆ ಮಹಾಶಿಲೆಯ ಸುತ್ತ ಹಬ್ಬಿದ್ದ ಬಿದಿರುಕಾಡೇ ಅದರ ಮೊದಲ ಕೋಟೆ. ಆ ಕಾಡನ್ನು ಕಡಿದು ದಾರಿ ಮಾಡಿ ತೋಪುಗಳನ್ನು ಎಳೆಯುವುದಕ್ಕೆ ಅವರು ಪಟ್ಟ ಪಾಡು ಅಷ್ಟಿಷ್ಟಲ್ಲ. ದಾಳಿಗೆ ಮಾತ್ರ ಹೆಚ್ಚು ಹೊತ್ತು ಹಿಡಿಯಲಿಲ್ಲ. 17ರಂದು ಗುಂಡು ಹಾರಿಸತೊಡಗಿ, 21ರ ಹಗಲು ಏರಿ, ಒಂದು ಗಂಟೆಯೊಳಗೆ ದುರ್ಗವನ್ನು ಹಿಡಿದರು. ದುರ್ಭೇದ್ಯವೆಂದು ಹೆಸರಾಗಿದ್ದ ಸಾವನದುರ್ಗವೇ ಬಿದ್ದ ಮೇಲೆ ರಾಮಗಿರಿ, ಶಿವನಗಿರಿ, ಹುತ್ರಿದುರ್ಗಗಳು ಅದೇ ವಾರದಲ್ಲಿ ಆಂಗ್ಲರ ವಶವಾದವು.

ಇನ್ನು ಖಾತೆಯ ಮಾತು. 1792ರ ಮಾರ್ಚಿಯ ಸಂಧಿಯಂತೆ ಟಿಪ್ಪು ಸುಲ್ತಾನನು ಅರ್ಧ ರಾಜ್ಯವನ್ನೂ ಮೂರು ಕೋಟಿ ಮೂವತ್ತು ಲಕ್ಷ ರೂಪಾಯಿಗಳನ್ನೂ ಕೊಡಬೇಕಾಯಿತು. ಒತ್ತೆಯಾಗಿ ಹೋದ ಅವನ ಇಬ್ಬರು ಎಳೆಯ ಮಕ್ಕಳ ಚಿತ್ರವನ್ನು ನಾವೆಲ್ಲ ನೋಡಿದ್ದೇವೆ. ಈ ಹಣ ಎಲ್ಲಿಂದ ಬಂತು? ವಿಲ್ಕ್ಸ್ ಹೇಳುವಂತೆ ಬೊಕ್ಕಸದಿಂದ ಒಂದು ಕೋಟಿ ಹತ್ತು ಲಕ್ಷ, ಸೈನ್ಯದವರಿಂದ ಅರವತ್ತು ಲಕ್ಷ, ಅಧಿಕಾರಿಗಳಿಂದಲೂ ಪ್ರಜೆಗಳಿಂದಲೂ ಒಂದು ಕೋಟಿ ಅರವತ್ತು ಲಕ್ಷ ಎತ್ತಬೇಕೆಂದು ನಿರ್ಧಾರವಾಯಿತು. ಮನೆ ಸುಟ್ಟುಕೊಂಡವರೇ, ರಾಗಿ ಕಳೆದುಕೊಂಡವರೇ, ಮತ್ತೆ ತೆರಬೇಕಾಯಿತು. ಹಿಂದಿನ ಕಾಲದಲ್ಲಿ ಒಂದು ಹಿಂಡು ದನ ಉಳಿಸಿ ಸತ್ತವನ ಮನೆಗೆ ನೆತ್ತರುಗೊಡಗೆ ಬಿಟ್ಟ ನಾಡು ಇದು. ರಾಜಧಾನಿಯನ್ನು ಉಳಿಸಿದ ಹಳ್ಳಿಗಳಿಗೆ ಬಂದದ್ದು ವಸೂಲಿಯ ಚೀಟಿ. ಕಾಲಕ್ಕೆ ತಕ್ಕಂತೆ ಯುದ್ಧದ ಗಾತ್ರ ಬೆಳೆಯಿತು, ಊರಿನ ಮಾತಿನ ತೂಕ ಇಳಿಯಿತು. ಊರೇ ತನ್ನನ್ನು ಕಾಯ್ದುಕೊಳ್ಳುತ್ತಿದ್ದಾಗ ಯಾರಿಗೆ ಏನು ಸಲ್ಲಬೇಕೆಂಬುದನ್ನು ಊರೇ ನಿರ್ಣಯಿಸುತ್ತಿತ್ತು. ಕಾಯುವ ಕೆಲಸ ದೊಡ್ಡವರ ಕೈಸೇರಿದ ಮೇಲೆ ಹಳ್ಳಿಯವನು ಲೆಕ್ಕದ ಒಂದೇ ಬದಿಯಲ್ಲಿ ಉಳಿದನು.

ಏಳು ವರ್ಷಗಳ ಅನಂತರ, 1799ರ ಮಾರ್ಚಿಯಲ್ಲಿ, ಜನರಲ್ ಹ್ಯಾರಿಸನ ಸೈನ್ಯ ಬಂದದ್ದೂ ಕಾನಕಾನಹಳ್ಳಿಯ ದಾರಿಯಲ್ಲಿಯೇ. 27ರಂದು ಮಳವಳ್ಳಿಯಲ್ಲಿ ಯುದ್ಧ ನಡೆಯಿತು, ಆ ಊರೂ ಹಾಳಾಯಿತು. ಮೇ 4ರಂದು ಶ್ರೀರಂಗಪಟ್ಟಣ ಬಿದ್ದು ಸುಲ್ತಾನನು ಮಡಿದನು.

ಮರುವರ್ಷ ಬುಕಾನನ್‌ರವರು ಬಂದಾಗ ನಮ್ಮ ಚನ್ನಪಟ್ಟಣದಲ್ಲಿ ಗಾಜಿನ ಬಳೆ, ವಾದ್ಯಗಳಿಗೆ ಬೇಕಾದ ಉಕ್ಕಿನ ತಂತಿ, ಒಳ್ಳೆಯ ಸಕ್ಕರೆ ಇವುಗಳನ್ನು ಮಾಡುವವರು ಮರಳಿ ತಮ್ಮ ಕೆಲಸದಲ್ಲಿ ತೊಡಗಿದ್ದರು. ಇಷ್ಟೆಲ್ಲ ಆದ ಮೇಲೂ ಕುಲುಮೆ ಹೊತ್ತಿಸಿದ ಆ ಕುಶಲಿಗಳ ಧೈರ್ಯ ಕೋಟೆ ಏರಿದವರ ಧೈರ್ಯಕ್ಕೆ ಕಡಿಮೆಯದೆಂದು ನನಗೆ ತೋರುವುದಿಲ್ಲ. ದಿವಾನ್ ಪೂರ್ಣಯ್ಯನವರು ಕಾಡು ಮುಸುಕಿದ್ದ ಹೆದ್ದಾರಿಯ ಭದ್ರತೆಗಾಗಿ ರಾಮಗಿರಿಯ ಸಮೀಪದಲ್ಲಿ ಹೊಸ ಪೇಟೆಯನ್ನು ಕಟ್ಟಿಸಿ, ರೆಸಿಡೆಂಟ್ ಕ್ಲೋಸ್ ಸಾಹೇಬರ ಹೆಸರಿನಿಂದ ಕ್ಲೋಸ್‌ಪೇಟೆಯೆಂದು ಕರೆದರು. ಅದೇ ಈಗಿನ ರಾಮನಗರ. ಕಂದಾಚಾರದವರು ಕಾವಲಿನ ಕೆಲಸಕ್ಕೆ ಸೇರಿಕೊಂಡರು.

ದಂಡಿನ ಭಯ ಹೋದ ಮೇಲೆ ಹಳ್ಳಿಗಳ ಗೋಡೆಗಳನ್ನು ರಿಪೇರಿ ಮಾಡುವವರಿಲ್ಲವಾಯಿತು. ಮಳೆಗೆ ಕರಗಿದ್ದು ಕರಗಿತು. ಉಳಿದ ಹಳೆಯ ಮಣ್ಣನ್ನು ಒಳ್ಳೆಯ ಗೊಬ್ಬರವೆಂದು ರೈತರು ಗಾಡಿಯಲ್ಲಿ ತುಂಬಿ ಹೊಲಕ್ಕೆ ಹಾಕಿಕೊಂಡರು. ಹುಡೇವಿನ ಕಲ್ಲುಗಳು ಮನೆಗಳ ತಳಪಾಯಕ್ಕೂ ಬಾವಿಗಳ ಕಟ್ಟೆಗೂ ಹೋದವು. ಊರಿನ ಒಂದು ಬದಿಯನ್ನು ‘ಕೋಟೆ’ ಎಂದು ಕರೆಯುವ ರೂಢಿ ಮಾತ್ರ ಕೆಲವೆಡೆ ಉಳಿದುಕೊಂಡಿದೆ. ಕೆರೆಯ ಏರಿಯ ಮೇಲಿನ ವೀರಗಲ್ಲಿಗೆ ಯಾರ ಕಲ್ಲೆಂದು ಅರಿಯದೆಯೇ ಹಬ್ಬದ ದಿನ ಹೆಂಗಸರು ಎಣ್ಣೆ ಹಚ್ಚಿ ಅರಿಸಿನ ಕುಂಕುಮ ಇಡುತ್ತಾರೆ.